ಇಮಿಕ್ವಿಮಾಡ್: ಹೆಸರು ಬಿಡಿಸಿ ಓದುವುದು, ಕ್ರಮವಾಗಿ ಹಚ್ಚುವುದು

ಚರ್ಮರೋಗ ತಜ್ಞರ ಚೀಟಿಯಲ್ಲಿ ‘ಇಮಿಕ್ವಿಮಾಡ್ ಕ್ರೀಮ್, ಶೇ 5’ ಎಂದು ಕಂಡಾಗ ಇದು ಫಂಗಸ್ ಮುಲಾಮೋ, ಆ್ಯಂಟಿಬಯೋಟಿಕ್ಕೋ, ಸ್ಟೀರಾಯ್ಡೋ ಎಂದು ಗೊಂದಲಪಡುವವರೇ ಹೆಚ್ಚು. ಮೂರೂ ಅಲ್ಲ. ನಮ್ಮ ಕಡೆ ಇದನ್ನು ಹೆಚ್ಚಾಗಿ ಬರೆದುಕೊಡುವುದು ವೈರಸ್ಸಿನಿಂದಾಗುವ ಜನನಾಂಗದ ನರಹುಲಿಗೆ. ಇದು ವೈರಸ್ಸನ್ನು ನೇರವಾಗಿ ಕೊಲ್ಲುವುದಿಲ್ಲ, ನರಹುಲಿಯನ್ನು ಸುಡುವುದೂ ಇಲ್ಲ. ಹಚ್ಚಿದ ಜಾಗದಲ್ಲಿ ನಮ್ಮದೇ ರೋಗನಿರೋಧಕ ವ್ಯವಸ್ಥೆಯನ್ನು ಎಬ್ಬಿಸಿ ಅದರಿಂದ ಕೆಲಸ ಮಾಡಿಸುತ್ತದೆ. ಆ ಸುಳಿವು ಹೆಸರಿನಲ್ಲೇ ಇದೆ. ವಾರಕ್ಕೆ ಮೂರೇ ರಾತ್ರಿ ಯಾಕೆ, ಬೆಳಿಗ್ಗೆ ತೊಳೆಯಲೇಬೇಕು ಯಾಕೆ, ಸ್ವಲ್ಪ ಕೆಂಪಾದರೆ ಗಾಬರಿ ಬೇಡ ಯಾಕೆ ಎನ್ನುವುದೆಲ್ಲ ಹೆಸರು ಅರ್ಥವಾದವರಿಗೆ ಅರ್ಧ ಅರ್ಥವಾದಂತೆಯೇ.

ಬಾಲ ಹಿಡಿದು ಓದಿ

ಉಚ್ಚಾರ ಇ-ಮಿ-ಕ್ವಿ-ಮಾಡ್. ಡಬ್ಬಿಯ ಮೇಲಿನ ಅಕ್ಷರಗಳು ಕ್ರಮವಾಗಿ ಐ, ಎಂ, ಐ, ಕ್ಯೂ, ಯು, ಐ, ಎಂ, ಓ, ಡಿ. ಫೋನಿನಲ್ಲಿ ಮೆಡಿಕಲ್ ಶಾಪಿಗೆ ಹೇಳುವಾಗ ಹೀಗೆ ಬಿಡಿಬಿಡಿಯಾಗಿ ಹೇಳುವುದು ಒಳ್ಳೆಯದು, ಏಕೆಂದರೆ ‘ಇಮಿ’ ಎಂದು ಶುರುವಾಗುವ ಬೇರೆ ಔಷಧಗಳೂ ಇವೆ. ಇಮಿಪ್ರಮಿನ್ ಖಿನ್ನತೆಯ ಮಾತ್ರೆ, ಇಮಿಪೆನೆಮ್ ಆಸ್ಪತ್ರೆಯಲ್ಲಿ ರಕ್ತನಾಳಕ್ಕೆ ಕೊಡುವ ಆ್ಯಂಟಿಬಯೋಟಿಕ್. ಇವುಗಳಿಗೂ ನಮ್ಮ ಕ್ರೀಮಿಗೂ ಯಾವ ನಂಟೂ ಇಲ್ಲ.

ಔಷಧದ ಹೆಸರಿನಲ್ಲಿ ಕುಲ ತಿಳಿಯುವುದು ಸಾಮಾನ್ಯವಾಗಿ ಬಾಲದಿಂದ. ಜೆನೆರಿಕ್ ಹೆಸರನ್ನು, ಅಂದರೆ ಬ್ರ್ಯಾಂಡ್ ಅಲ್ಲದ ಔಷಧದ ಮೂಲ ಹೆಸರನ್ನು, ಕಂಪನಿ ತನಗೆ ತೋಚಿದಂತೆ ಇಟ್ಟುಕೊಳ್ಳುವಂತಿಲ್ಲ. ಇಂಥ ಅಂತರರಾಷ್ಟ್ರೀಯ ಹೆಸರುಗಳ ಮೊದಲ ಪಟ್ಟಿಯನ್ನು ವಿಶ್ವ ಆರೋಗ್ಯ ಸಂಸ್ಥೆ ಪ್ರಕಟಿಸಿದ್ದು 1953ರಲ್ಲಿ. ಒಂದೇ ಬಗೆಯ ಕೆಲಸದ ಔಷಧಗಳಿಗೆ ಒಂದೇ ಬಾಲ ಎಂಬುದು ಅದರ ಪದ್ಧತಿ. ಕೀಟೊಕೊನಜೋಲ್, ಫ್ಲೂಕೊನಜೋಲ್ ಎಂದು ‘ಕೊನಜೋಲ್’ ಬಂದರೆ ಅದು ಫಂಗಸ್ ಔಷಧ. ಹಾಗೆಯೇ ‘ಇಮಾಡ್’ ಎಂದು ಮುಗಿದರೆ ಅದು ರೋಗನಿರೋಧಕ ವ್ಯವಸ್ಥೆಯ ನಡೆಯನ್ನು ಮಾರ್ಪಡಿಸುವ ಔಷಧ. ಕೊನೆಯ ‘ಮಾಡ್’ ಅನ್ನು ‘ಮಾಡ್ಯುಲೇಟರ್’ ಎಂದು, ಕನ್ನಡದಲ್ಲಾದರೆ ‘ಮಾರ್ಪಡಿಸುವುದು’ ಎಂದು ನೆನಪಿಟ್ಟುಕೊಳ್ಳಿ. ಅದರ ಹಿಂದಿರುವ ‘ಇಮಿಕ್ವಿ’ ಭಾಗದಲ್ಲಿ ಕೇಳಿಸುವುದು ರಾಸಾಯನಿಕ ಕುಟುಂಬದ ಹೆಸರು, ಇಮಿಡಾಜೋಕ್ವಿನೋಲಿನ್. ಇದೇ ಕುಟುಂಬದ ಇನ್ನೊಂದು ಅಣುವಿನ ಹೆಸರು ರೆಸಿಕ್ವಿಮಾಡ್.

ಇಲ್ಲಿ ಎಡವುವವರು ಬಹಳ. ‘ಮಾರ್ಪಡಿಸುವುದು’ ಎಂದರೆ ‘ಹೆಚ್ಚಿಸುವುದು’ ಎಂದಷ್ಟೇ ಅಲ್ಲ. ಮಲ್ಟಿಪಲ್ ಸ್ಕ್ಲೆರೋಸಿಸ್ ಎಂಬ ನರರೋಗಕ್ಕೆ ಕೊಡುವ ಫಿಂಗೊಲಿಮಾಡ್ ಮತ್ತು ಸಿಪೊನಿಮಾಡ್ ಕೂಡ ಇದೇ ಬಾಲದವು, ಆದರೆ ಅವು ರೋಗನಿರೋಧಕ ಕಣಗಳನ್ನು ತಡೆದು ನಿಲ್ಲಿಸುತ್ತವೆ. ಬಾಲ ಹೇಳುವುದು ‘ಈ ವ್ಯವಸ್ಥೆಯ ಮೇಲೆ ಕೈಯಾಡಿಸುತ್ತದೆ’ ಎಂದಷ್ಟೇ. ಯಾವ ಕಡೆಗೆ ಎಂಬುದನ್ನು ಆಯಾ ಔಷಧದಿಂದಲೇ ತಿಳಿಯಬೇಕು. ಇಮಿಕ್ವಿಮಾಡ್ ಎಬ್ಬಿಸುವ ಕಡೆಯದು.

ಅದೇ ಕಪಾಟಿನಲ್ಲಿ ಇದಕ್ಕೆ ನೇರ ವಿರುದ್ಧವಾದ ಮುಲಾಮೂ ಇರುತ್ತದೆ. ಎಸ್ಜಿಮಾಕ್ಕೆ ಬರೆದುಕೊಡುವ ಟ್ಯಾಕ್ರೊಲಿಮಸ್ ಮತ್ತು ಪಿಮೆಕ್ರೊಲಿಮಸ್‌ಗಳ ಬಾಲ ‘ಲಿಮಸ್’. ಅವು ಚರ್ಮದ ರೋಗನಿರೋಧಕ ಚಟುವಟಿಕೆಯನ್ನು ತಗ್ಗಿಸುವಂಥವು. ಮನೆಯಲ್ಲಿ ಎರಡೂ ಇದ್ದರೆ ಬೇರೆ ಬೇರೆ ಕಡೆ ಇಡಿ. ಒಂದರ ಬದಲು ಇನ್ನೊಂದು ಹಚ್ಚಿದರೆ ಉಪಯೋಗವಾಗದಿರುವುದು ಹಾಗಿರಲಿ, ಕೆಡುಕೇ ಆಗಬಹುದು.

ಬ್ರ್ಯಾಂಡ್ ಹೆಸರುಗಳಲ್ಲಿ ಇಂಥ ಸುಳಿವು ಸಿಗುವುದಿಲ್ಲ. ಅಮೆರಿಕದ ತ್ರೀಎಂ ಕಂಪನಿ ಇದನ್ನು ತಂದಿದ್ದು ‘ಆಲ್ಡಾರಾ’ ಎಂಬ ಹೆಸರಲ್ಲಿ. ಅಲ್ಲಿನ ಔಷಧ ನಿಯಂತ್ರಣ ಸಂಸ್ಥೆ 1997ರಲ್ಲಿ ಜನನಾಂಗದ ನರಹುಲಿಗೆ, 2004ರಲ್ಲಿ ಬಿಸಿಲಿನಿಂದಾಗುವ ಆ್ಯಕ್ಟಿನಿಕ್ ಕೆರಟೋಸಿಸ್ ಎಂಬ ಒರಟು ಮಚ್ಚೆಗಳಿಗೆ ಮತ್ತು ಚರ್ಮದ ಮೇಲ್ಪದರದ ಬೇಸಲ್ ಸೆಲ್ ಕ್ಯಾನ್ಸರಿಗೆ ಒಪ್ಪಿಗೆ ಕೊಟ್ಟಿತು. ‘ಝೈಕ್ಲಾರಾ’ ಎಂಬುದೂ ಇಮಿಕ್ವಿಮಾಡೇ, ಆದರೆ ಸಾಂದ್ರತೆ ಬೇರೆ: ಶೇ 3.75 ಮತ್ತು ಶೇ 2.5. ಅದನ್ನು ದಿನವೂ ಹಚ್ಚುವ ಕ್ರಮವಿದೆ. ಆ ಕ್ರಮವನ್ನು ಶೇ 5ರ ಕ್ರೀಮಿಗೆ ಅನ್ವಯಿಸಿದರೆ ಚರ್ಮ ಹುಣ್ಣಾಗಬಹುದು. ಹಾಗಾಗಿ ಡಬ್ಬಿ ಕೈಗೆ ಬಂದಾಗ ದೊಡ್ಡ ಅಕ್ಷರದ ಬ್ರ್ಯಾಂಡ್ ಬಿಟ್ಟು ಅದರ ಕೆಳಗಿನ ಸಣ್ಣ ಅಕ್ಷರದ ಹೆಸರನ್ನೂ ಶೇಕಡಾವಾರನ್ನೂ ಓದಿ.

ಚರ್ಮದೊಳಗೆ ಆಗುವುದೇನು

ಪ್ರಯೋಗಾಲಯದ ಬಟ್ಟಲಲ್ಲಿ ವೈರಸ್ಸಿನ ಮೇಲೆ ಇಮಿಕ್ವಿಮಾಡ್ ಸುರಿದರೆ ವೈರಸ್ಸಿಗೆ ಏನೂ ಆಗುವುದಿಲ್ಲ. ಜೀವಂತ ಚರ್ಮದಲ್ಲಿ ಮಾತ್ರ ಅದಕ್ಕೆ ಕೆಲಸ. ರೋಗನಿರೋಧಕ ಕಣಗಳೊಳಗೆ ಟೋಲ್ ಲೈಕ್ ರಿಸೆಪ್ಟರ್ 7 ಎಂಬ ಗ್ರಾಹಕವಿದೆ. ವೈರಸ್ಸಿನ ಆರ್‌ಎನ್‌ಎ ಒಳಗೆ ಬಂದರೆ ಅದನ್ನು ಗುರುತಿಸಿ ಎಚ್ಚರಿಸುವುದು ಅದರ ಕೆಲಸ. ಇಮಿಕ್ವಿಮಾಡ್ ಆ ಗ್ರಾಹಕಕ್ಕೆ ತಾಗಿ, ವೈರಸ್ ಬಂದಿದೆ ಎಂಬಂತೆ ಎಚ್ಚರಿಕೆ ಹೊರಡಿಸುತ್ತದೆ. ಆಗ ಇಂಟರ್‌ಫೆರಾನ್ ಆಲ್ಫಾ ಮತ್ತು ಉರಿಯೂತದ ಇನ್ನಿತರ ಸಂದೇಶವಾಹಕಗಳು ಬಿಡುಗಡೆಯಾಗಿ, ಸೋಂಕು ತಗುಲಿದ ಕಣಗಳನ್ನು ನಾಶಮಾಡುವ ಪಡೆ ಅಲ್ಲಿಗೆ ಬರುತ್ತದೆ. ಈ ಗ್ರಾಹಕದ ನಂಟನ್ನು ಜಪಾನಿನ ಒಸಾಕಾ ವಿಶ್ವವಿದ್ಯಾಲಯದ ಶಿಝುವೊ ಅಕಿರಾ ಅವರ ತಂಡ ತೋರಿಸಿಕೊಟ್ಟಿದ್ದು 2002ರಲ್ಲಿ, ಅಂದರೆ ಕ್ರೀಮ್ ಬಳಕೆಗೆ ಬಂದು ಐದು ವರ್ಷಗಳ ನಂತರ.

ಕೆಂಪು, ನವೆ, ಉರಿ ಇವೆಲ್ಲ ಬರುವುದು ಇದೇ ಕಾರಣಕ್ಕೆ. ಆ ಪಡೆ ಬಂದಿರುವುದರ ಗುರುತು ಅದು. ನಾಲ್ಕು ಪಟ್ಟು ಕ್ರೀಮ್ ಬಳಿದರೆ ನರಹುಲಿ ನಾಲ್ಕು ಪಟ್ಟು ಬೇಗ ಹೋಗುವುದಿಲ್ಲ, ಪಕ್ಕದ ಒಳ್ಳೆಯ ಚರ್ಮವೂ ಉರಿಯೂತಕ್ಕೆ ಸಿಕ್ಕಿಕೊಳ್ಳುತ್ತದೆ ಅಷ್ಟೆ. ನಡುವಿನ ಬಿಡುವಿನ ರಾತ್ರಿಗಳು ಇರುವುದು ಚರ್ಮ ಚೇತರಿಸಿಕೊಳ್ಳಲಿ ಎಂದೇ.

ಸೋರಿಯಾಸಿಸ್ ಇರುವವರಿಗೆ ಇಲ್ಲೊಂದು ಎಚ್ಚರಿಕೆ. ಇಲಿಗಳಲ್ಲಿ ಸೋರಿಯಾಸಿಸ್‌ನಂಥ ಉರಿಯೂತ ಬರಿಸಿ ಅಧ್ಯಯನ ಮಾಡಲು ಸಂಶೋಧಕರು ಬಳಸುವುದು ಇದೇ ಇಮಿಕ್ವಿಮಾಡನ್ನು. ನಿಮಗೆ ಸೋರಿಯಾಸಿಸ್, ತೊನ್ನು, ಲೂಪಸ್‌ನಂಥ ಆಟೊಇಮ್ಯೂನ್ ತೊಂದರೆ (ರೋಗನಿರೋಧಕ ವ್ಯವಸ್ಥೆ ನಮ್ಮ ದೇಹದ ಮೇಲೆಯೇ ತಿರುಗಿಬೀಳುವುದು) ಇದ್ದರೆ, ಕಿಡ್ನಿ ಕಸಿ ಆಗಿದ್ದರೆ, ಗರ್ಭಿಣಿಯಾಗಿದ್ದರೆ ಅಥವಾ ಮಗುವಿಗೆ ಹಾಲುಣಿಸುತ್ತಿದ್ದರೆ, ಚೀಟಿ ಬರೆಯುವ ಮುನ್ನವೇ ವೈದ್ಯರಿಗೆ ಹೇಳಿ.

ಚೀಟಿ ಓದುವಾಗ ಆಗುವ ದೊಡ್ಡ ತಪ್ಪು

ವೈದ್ಯರು ‘ಎಲ್‌ಎ, ಎಚ್‌ಎಸ್, ಥ್ರೈಸ್ ವೀಕ್ಲಿ’ ಎಂದು ಬರೆದಿರಬಹುದು. ಎಲ್‌ಎ ಎಂದರೆ ಆ ಜಾಗಕ್ಕೆ ಹಚ್ಚುವುದು, ಎಚ್‌ಎಸ್ ಎಂದರೆ ಮಲಗುವ ಹೊತ್ತಿಗೆ, ಕೊನೆಯದು ವಾರಕ್ಕೆ ಮೂರು ಸಲ. ಈ ಕೊನೆಯದನ್ನು ದಿನಕ್ಕೆ ಮೂರು ಸಲ ಎಂದು ಓದಿಕೊಳ್ಳುವುದು ಸುಲಭ, ಏಕೆಂದರೆ ನಮ್ಮ ಕಣ್ಣು ದಿನಕ್ಕೆ ಮೂರು ಸಲ ಎಂಬ ಅರ್ಥದ ‘ಟಿಡಿಎಸ್’ಗೆ ಒಗ್ಗಿಹೋಗಿದೆ. ವಾರಕ್ಕೆ ಮೂರು ಸಲ ಎನ್ನಲು ‘ಟಿಐಡಬ್ಲ್ಯೂ’ ಎಂಬ ಸಂಕ್ಷೇಪವಿದ್ದರೆ ಗೊಂದಲ ಇನ್ನೂ ಹೆಚ್ಚು. ವಾರಕ್ಕೆ 3 ಸಲ ಆಗಬೇಕಾದ್ದು 21 ಸಲ ಆದರೆ ವಾರ ಕಳೆಯುವುದರೊಳಗೆ ಆ ಜಾಗ ಹಸಿ ಹುಣ್ಣಾಗಬಹುದು. ಮೆಡಿಕಲ್ ಶಾಪಿನವರು ಡಬ್ಬಿಯ ಮೇಲೆ ಪೆನ್ನಿನಲ್ಲಿ 1-1-1 ಎಂದು ಗೀಚಿಕೊಟ್ಟರೆ ಅಲ್ಲೇ ನಿಂತು ಕೇಳಿ. ‘ಸೋಮ, ಬುಧ, ಶುಕ್ರ’ ಎಂದು ವಾರದ ಹೆಸರು ಬರೆಸಿಕೊಳ್ಳುವುದೇ ಕ್ಷೇಮ. ‘ದಿನ ಬಿಟ್ಟು ದಿನ’ ಎಂಬ ಮಾತೂ ಪೂರ್ತಿ ಸರಿಯಲ್ಲ. ಸೋಮ-ಬುಧ-ಶುಕ್ರದ ಲೆಕ್ಕದಲ್ಲಿ ಶನಿವಾರ, ಭಾನುವಾರ ಎರಡೂ ರಾತ್ರಿ ಬಿಡುವು ಸಿಗುತ್ತದೆ.

ಕ್ರೀಮ್ ಒಂದೇ ಆದರೂ ಕಾಯಿಲೆ ಬದಲಾದರೆ ಕ್ರಮವೂ ಬದಲಾಗುತ್ತದೆ. ಜನನಾಂಗದ ಮತ್ತು ಗುದದ್ವಾರದ ಹೊರಭಾಗದ ನರಹುಲಿಗೆ ವಾರಕ್ಕೆ 3 ರಾತ್ರಿ, ನರಹುಲಿ ಪೂರ್ತಿ ಹೋಗುವ ತನಕ ಅಥವಾ ಹೆಚ್ಚೆಂದರೆ 16 ವಾರ. ಆ್ಯಕ್ಟಿನಿಕ್ ಕೆರಟೋಸಿಸ್‌ಗೆ ಅಮೆರಿಕದ ಕ್ರಮದಲ್ಲಿ ವಾರಕ್ಕೆ 2 ರಾತ್ರಿಯಂತೆ 16 ವಾರ. ಯುರೋಪಿನಲ್ಲಿ ವಾರಕ್ಕೆ 3 ರಾತ್ರಿಯಂತೆ 4 ವಾರ ಹಚ್ಚಿ, 4 ವಾರ ಬಿಟ್ಟು ನೋಡುತ್ತಾರೆ. ಮೇಲ್ಪದರದ ಬೇಸಲ್ ಸೆಲ್ ಕ್ಯಾನ್ಸರಿಗೆ ವಾರಕ್ಕೆ 5 ರಾತ್ರಿಯಂತೆ 6 ವಾರ, ಅದೂ ಬಯಾಪ್ಸಿ ಮಾಡಿ ಖಚಿತಪಡಿಸಿಕೊಂಡು, 2 ಸೆಂ.ಮೀ. ಒಳಗಿನ ಗಡ್ಡೆಗೆ, ಸುತ್ತಲಿನ 1 ಸೆಂ.ಮೀ. ಚರ್ಮವನ್ನೂ ಸೇರಿಸಿ. ಅಮೆರಿಕ, ಆಸ್ಟ್ರೇಲಿಯಾದ ಬಿಳಿ ಚರ್ಮದವರಲ್ಲಿ ಈ ಎರಡೂ ಸಾಮಾನ್ಯ. ನಮ್ಮ ಕಡೆ ಇದನ್ನು ಬರೆದುಕೊಡುವುದು ಹೆಚ್ಚಾಗಿ ನರಹುಲಿಗೇ. ಆದ್ದರಿಂದ ಹೊರದೇಶದಲ್ಲಿರುವ ನೆಂಟರು ಕಳಿಸಿದ ಡಬ್ಬಿಯ ಕ್ರಮ ನಿಮ್ಮ ಕಾಯಿಲೆಯ ಕ್ರಮ ಎಂದು ತಿಳಿಯಬೇಡಿ.

ಹಚ್ಚುವ ರಾತ್ರಿ

ಸಾಮಾನ್ಯವಾಗಿ ಇದು ಸಣ್ಣ ಸ್ಯಾಶೆಗಳಲ್ಲಿ ಬರುತ್ತದೆ. ಒಂದು ಸ್ಯಾಶೆಯಲ್ಲಿ 250 ಮಿ.ಗ್ರಾಂ ಕ್ರೀಮ್, ಅದರಲ್ಲಿ ಔಷಧ 12.5 ಮಿ.ಗ್ರಾಂ. ಸುಮಾರು 20 ಚದರ ಸೆಂ.ಮೀ. ಜಾಗಕ್ಕೆ, ಎಂದರೆ ಬೆಂಕಿಪೊಟ್ಟಣದ ದೊಡ್ಡ ಮುಖಕ್ಕೆ ಅಥವಾ ಅದಕ್ಕಿಂತ ತುಸು ಹೆಚ್ಚಿಗೆ ಅಷ್ಟು ಸಾಕು. ನಾಲ್ಕೈದು ಸಣ್ಣ ನರಹುಲಿಗೆ ಇಡೀ ಸ್ಯಾಶೆ ಬೇಕಾಗುವುದೇ ಇಲ್ಲ. ಹಾಗೆಂದು ಉಳಿದದ್ದನ್ನು ಮಡಚಿ, ಕ್ಲಿಪ್ ಹಾಕಿ ಮುಂದಿನ ಸಲಕ್ಕೆ ಇಡಬೇಡಿ. ತೆರೆದ ಸ್ಯಾಶೆಯನ್ನು ಎಸೆಯಬೇಕು. ಇಷ್ಟು ದುಡ್ಡು ಕೊಟ್ಟದ್ದನ್ನು ಎಸೆಯುವುದು ಎಲ್ಲರಿಗೂ ಕಷ್ಟವೇ. ಅದಕ್ಕೇ ಇರಬೇಕು, ಉಳಿಯಿತಲ್ಲ ಎಂದು ಸುತ್ತಮುತ್ತ ಬಳಿಯುವವರಿದ್ದಾರೆ. ಆ ಬಳಿದ ಜಾಗವೇ ಮರುವಾರ ಉರಿಯುವುದು.

ಮೊದಲು ಆ ಜಾಗವನ್ನು ಸೌಮ್ಯ ಸೋಪು, ನೀರಿನಲ್ಲಿ ತೊಳೆದು, ಒತ್ತಿ ಒರೆಸಿ, ಪೂರ್ತಿ ಒಣಗಲು ಬಿಡಿ. ಕೈ ತೊಳೆದುಕೊಳ್ಳಿ. ಬೆರಳ ತುದಿಗೆ ಸ್ವಲ್ಪ ಕ್ರೀಮ್ ತೆಗೆದು ನರಹುಲಿಯ ಮೇಲಷ್ಟೇ ತೆಳ್ಳಗೆ ಹಚ್ಚಿ, ಬಿಳಿ ಬಣ್ಣ ಕಾಣದಾಗುವ ತನಕ ಮೆಲ್ಲಗೆ ತಿಕ್ಕಿ. ಬಿಳಿ ಪದರ ಉಳಿದಿದ್ದರೆ ಹೆಚ್ಚಾಗಿದೆ ಎಂದರ್ಥ. ಬೇಸಲ್ ಸೆಲ್ ಕ್ಯಾನ್ಸರಿಗೆ ಅಳತೆಯೇ ಇದೆ: ಅರ್ಧದಿಂದ ಒಂದು ಸೆಂ.ಮೀ. ಒಳಗಿನ ಗಡ್ಡೆಗೆ 4 ಮಿ.ಮೀ. ಅಡ್ಡಳತೆಯ ಬೊಟ್ಟು, ಅಂದರೆ ಸುಮಾರು ಒಂದು ಮೆಣಸಿನ ಕಾಳಿನಷ್ಟು, ತೂಕದಲ್ಲಿ 10 ಮಿ.ಗ್ರಾಂ. ಗಡ್ಡೆ ಒಂದೂವರೆಯಿಂದ ಎರಡು ಸೆಂ.ಮೀ. ಇದ್ದರೆ 7 ಮಿ.ಮೀ. ಬೊಟ್ಟು, 40 ಮಿ.ಗ್ರಾಂ. 250 ಮಿ.ಗ್ರಾಂ ಸ್ಯಾಶೆಯಲ್ಲಿ ಬೇಕಾಗುವುದು ಎಷ್ಟು ಕಡಿಮೆ ಎಂದು ಇದರಿಂದಲೇ ನೋಡಿ.

ಹಚ್ಚಿದ ಮೇಲೆ ಪುನಃ ಕೈ ತೊಳೆಯಿರಿ. ಕಣ್ಣು, ತುಟಿ, ಮೂಗಿನೊಳಗೆ ತಾಗಬಾರದು. ಪ್ಲಾಸ್ಟಿಕ್, ಬ್ಯಾಂಡೇಜ್ ಪಟ್ಟಿ ಇತ್ಯಾದಿಯಿಂದ ಗಾಳಿಯಾಡದಂತೆ ಮುಚ್ಚಬೇಡಿ, ಔಷಧ ಒಳಗೆ ಹೆಚ್ಚು ಇಳಿದು ಉರಿ ಜೋರಾಗುತ್ತದೆ. ಸಡಿಲವಾದ ಹತ್ತಿಯ ಒಳಉಡುಪು ಸಾಕು. ನರಹುಲಿಗಾದರೆ 6ರಿಂದ 10 ಗಂಟೆ, ಉಳಿದೆರಡಕ್ಕೆ ಸುಮಾರು 8 ಗಂಟೆ ಬಿಟ್ಟು, ಬೆಳಿಗ್ಗೆ ಸೋಪು-ನೀರಿನಲ್ಲಿ ತೊಳೆದುಬಿಡಿ. ಈ ಅವಧಿಯಲ್ಲಿ ಸ್ನಾನ ಬೇಡ. ರಾತ್ರಿ 10ಕ್ಕೆ ಹಚ್ಚಿದವರು ಬೆಳಿಗ್ಗೆ 6ಕ್ಕೆ ಸ್ನಾನ ಮಾಡಿದರೆ ಲೆಕ್ಕ ಸರಿಹೋಗುತ್ತದೆ. ರಾತ್ರಿಪಾಳಿಯವರು ಹಗಲು ಮಲಗುವ ಹೊತ್ತಿಗೆ ಹಚ್ಚಿಕೊಳ್ಳಬಹುದು.

ಒಂದು ರಾತ್ರಿ ಮರೆತರೆ ನೆನಪಾದ ರಾತ್ರಿ ಹಚ್ಚಿ ಮುಂದುವರಿಸಿ. ತಪ್ಪಿದ್ದಕ್ಕೆಂದು ಎರಡು ಪಟ್ಟು ಹಚ್ಚುವುದಾಗಲಿ, ದಿನಕ್ಕೆ ಎರಡು ಸಲ ಹಚ್ಚುವುದಾಗಲಿ ಬೇಡ.

ಮುಂದೊಗಲು ಇರುವ ಗಂಡಸರು ಅದನ್ನು ದಿನವೂ ಹಿಂದಕ್ಕೆ ಸರಿಸಿ ತೊಳೆಯಲೇಬೇಕು. ಅದರಡಿಯ ನರಹುಲಿಗೆ ಹಚ್ಚಿದಾಗ ಬಾವು ಬಂದು, ಮುಂದೊಗಲು ಬಿಗಿದುಕೊಂಡು ಹಿಂದೆ ಸರಿಯದೆ ಹೋಗಬಹುದು. ಹಾಗೆ ಆಗುವ ಸೂಚನೆ ಕಂಡ ಕೂಡಲೇ ಹಚ್ಚುವುದನ್ನು ನಿಲ್ಲಿಸಿ ವೈದ್ಯರ ಬಳಿ ಹೋಗಿ. ಹೆಂಗಸರು ಯೋನಿದ್ವಾರದ ಅಂಚಿನಲ್ಲಿ ಹಚ್ಚುವಾಗ ವಿಶೇಷ ಜಾಗ್ರತೆ ವಹಿಸಬೇಕು, ಒಳಗಂತೂ ಹಚ್ಚಲೇಬಾರದು. ಅಲ್ಲಿನ ಬಾವು ಜೋರಾದರೆ ಮೂತ್ರ ಕಟ್ಟಿಕೊಂಡ ಪ್ರಸಂಗಗಳು ವರದಿಯಾಗಿವೆ. ಟ್ಯಾಂಪನ್ ಬಳಸುವವರು ಅದನ್ನು ಮೊದಲು ಇಟ್ಟು ನಂತರ ಕ್ರೀಮ್ ಹಚ್ಚಿ.

ಕ್ರೀಮ್ ಚರ್ಮದ ಮೇಲಿರುವಾಗ ಲೈಂಗಿಕ ಸಂಪರ್ಕ ಬೇಡ, ತೊಳೆದ ಮೇಲೆಯೇ. ಇದರಲ್ಲಿನ ಎಣ್ಣೆಯಂಶ ಕಾಂಡೋಮಿನ ರಬ್ಬರನ್ನು ದುರ್ಬಲಗೊಳಿಸುತ್ತದೆ. ಸಂಗಾತಿಗೆ ಈ ವಿಷಯ ಹೇಳುವುದು ಎಷ್ಟೇ ಮುಜುಗರವಾದರೂ ಹೇಳಬೇಕು. ಅವರೂ ಒಮ್ಮೆ ಪರೀಕ್ಷೆ ಮಾಡಿಸಿಕೊಳ್ಳಲಿ.

ಎಷ್ಟು ಕೆಂಪಾದರೆ ಸರಿ

ಎರಡನೇ, ಮೂರನೇ ವಾರಕ್ಕೆ ಆ ಜಾಗ ಕೆಂಪಗಾಗಿ, ನವೆಯಾಗಿ, ಸಣ್ಣಗೆ ಸಿಪ್ಪೆ ಏಳುವುದು ಸಾಮಾನ್ಯ. ನಮ್ಮ ಬಣ್ಣದ ಚರ್ಮದಲ್ಲಿ ಕೆಂಪು ಎದ್ದು ಕಾಣದೆ ನೇರಳೆಯಾಗಿ ಅಥವಾ ಕಪ್ಪಗೆ ತೋರಬಹುದು, ಹಾಗಾಗಿ ಬಣ್ಣಕ್ಕಿಂತ ಉರಿ, ಬಾವುಗಳನ್ನು ಗಮನಿಸಿ. ಬಟ್ಟೆ ತಾಗಿದರೆ ತುಸು ಚುರುಗುಡುತ್ತದೆ, ನಡೆಯಲು, ಕೂರಲು ತೊಂದರೆಯಿಲ್ಲ ಎಂದರೆ ಮುಂದುವರಿಸಬಹುದು. ಇಲ್ಲಿ ಹೆದರಿ ನಿಲ್ಲಿಸಿ ‘ಔಷಧ ಒಗ್ಗಲಿಲ್ಲ’ ಎಂದುಕೊಳ್ಳುವವರು ಔಷಧ ಕೆಲಸ ಶುರುಮಾಡಿದ ಹೊತ್ತಿಗೇ ಅದನ್ನು ಕೈಬಿಟ್ಟಿರುತ್ತಾರೆ.

ತೊಗಲು ಕಿತ್ತುಬಂದು ರಸ ಒಸರಿದರೆ, ಹಕ್ಕಳೆ ಕಟ್ಟಿ ಅದರಡಿ ಹುಣ್ಣಾದರೆ, ನೋವಿಗೆ ನಿದ್ದೆ ಬಾರದಿದ್ದರೆ ಮಾತು ಬೇರೆ. ತೊಳೆದು, ಕೆಲವು ದಿನ ಪೂರ್ತಿ ಬಿಡುವು ಕೊಟ್ಟು, ವೈದ್ಯರಿಗೆ ತೋರಿಸಿ. ಚರ್ಮ ಮಾಗಿದ ಮೇಲೆ ಮತ್ತೆ ಶುರುಮಾಡಬಹುದು. ಬಿಡುವಿನ ದಿನಗಳನ್ನು ತುಂಬಿಸಲು ಒಟ್ಟು ಅವಧಿಯನ್ನು ನೀವಾಗಿ ಹಿಗ್ಗಿಸಬೇಡಿ. ಜ್ವರ, ಮೈಕೈ ನೋವು, ಸುಸ್ತು, ತೊಡೆಸಂದಿಯ ಗಂಟು ಬಾವು ಬಂದರೂ ಇದೇ ಕ್ರಮ. ಉರಿ ತಾಳಲಾರದೆ ಮನೆಯಲ್ಲಿರುವ ಬೀಟಾಮೆಥಾಸೋನ್, ಕ್ಲೊಬೆಟಾಸೋಲ್ ಮುಲಾಮನ್ನು ಬಳಿಯುವುದು ನಮ್ಮಲ್ಲಿ ಬಹಳ. ಅವು ಸ್ಟೀರಾಯ್ಡುಗಳು, ರೋಗನಿರೋಧಕ ಚಟುವಟಿಕೆಯನ್ನು ಅಡಗಿಸುವಂಥವು. ಒಂದು ಕೈಯಲ್ಲಿ ಎಬ್ಬಿಸಿ ಇನ್ನೊಂದು ಕೈಯಲ್ಲಿ ಮಲಗಿಸಿದಂತಾಗುತ್ತದೆ. ವೈದ್ಯರು ಹೇಳದೆ ಬೇಡ.

ಚರ್ಮದ ಬಣ್ಣ ಹೋಗಿ ಬಿಳಿ ಮಚ್ಚೆಯಾಗುವುದೂ ಉಂಟು, ಅದು ಕೆಲವರಲ್ಲಿ ಶಾಶ್ವತವಾಗಿ ಉಳಿಯಬಹುದು. ನಮ್ಮಂಥ ಕಂದು ಚರ್ಮದಲ್ಲಿ ಅದು ಎದ್ದು ಕಾಣುವುದರಿಂದ ಮೊದಲೇ ತಿಳಿದಿರುವುದು ಮೇಲು. ಮುಖಕ್ಕೋ ಕೈಗೋ ಹಚ್ಚುವ ಕ್ರಮವಿದ್ದರೆ ಬಿಸಿಲಿನಿಂದ ಆ ಜಾಗವನ್ನು ಕಾಪಾಡಿಕೊಳ್ಳಿ.

ಯಾವುದಕ್ಕೆ ಇದು ಅಲ್ಲ

ಮಕ್ಕಳ ಮೈಮೇಲೆ ಏಳುವ ಮುತ್ತಿನಂಥ ಮೊಲಸ್ಕಂ ಗುಳ್ಳೆಗೆ ಈ ಕ್ರೀಮನ್ನು ಬಳಸುವುದುಂಟು. ಆದರೆ 2ರಿಂದ 12 ವರ್ಷದ 702 ಮಕ್ಕಳಲ್ಲಿ ನಡೆದ ಎರಡು ಪ್ರಯೋಗಗಳಲ್ಲಿ ಇದು ಮೊಲಸ್ಕಂಗೆ ಫಲ ಕೊಡಲಿಲ್ಲ, ಈ ಮಾತು ಔಷಧದ ಅಧಿಕೃತ ವಿವರಣೆಯಲ್ಲೇ ಇದೆ. ಮಗುವಿಗೆ ಬರೆದುಕೊಟ್ಟರೆ ಬೇರೆ ದಾರಿ ಇದೆಯೇ ಎಂದು ಕೇಳುವುದು ತಪ್ಪಲ್ಲ. ಅಂಗಾಲು, ಅಂಗೈಯ ನರಹುಲಿಗೆ ಇದಕ್ಕೆ ಒಪ್ಪಿಗೆ ಸಿಕ್ಕಿಲ್ಲ. ಅಲ್ಲಿನ ದಪ್ಪ ತೊಗಲನ್ನು ದಾಟಿ ಔಷಧ ಇಳಿಯುವುದೇ ಕಷ್ಟ. ಮೊದಲಿಂದಿದ್ದ ಮಚ್ಚೆ ಈಗ ಬೆಳೆಯುತ್ತಿದೆ, ಬಣ್ಣ ಬದಲಾಗುತ್ತಿದೆ ಎಂದರೆ ಏನೆಂದು ತಿಳಿಯದೆ ಯಾವ ಕ್ರೀಮನ್ನೂ ಹಚ್ಚಬೇಡಿ.

ನಿರೀಕ್ಷೆಯ ಮಾತೂ ಬೇಕು. ಒಪ್ಪಿಗೆಗೆ ಆಧಾರವಾದ ಪ್ರಯೋಗದಲ್ಲಿ ನರಹುಲಿ ಪೂರ್ತಿ ಹೋದದ್ದು ಹೆಂಗಸರಲ್ಲಿ ಶೇ 72, ಗಂಡಸರಲ್ಲಿ ಶೇ 33 ಮಂದಿಗೆ. ಹೋದವರಲ್ಲೂ ಹೆಂಗಸರಿಗೆ ಸುಮಾರು 8 ವಾರ, ಗಂಡಸರಿಗೆ ಸುಮಾರು 12 ವಾರ ಹಿಡಿದಿತ್ತು. ಒಂದು ತಿಂಗಳಾಯಿತು, ಏನೂ ಆಗಿಲ್ಲ ಎಂದು ಬಿಡುವುದು ಅವಸರವೇ ಸರಿ. 16 ವಾರ ಕಳೆದರೂ ಉಳಿದಿದ್ದರೆ ಇನ್ನೊಂದು ಡಬ್ಬಿ ಕೊಳ್ಳುವ ಬದಲು, ದ್ರವ ಸಾರಜನಕದಿಂದ ಹೆಪ್ಪುಗಟ್ಟಿಸುವುದು, ವಿದ್ಯುತ್ತಿನಿಂದ ಸುಡುವುದು ಇವುಗಳ ಬಗ್ಗೆ ವೈದ್ಯರೊಡನೆ ಮಾತಾಡಿ. ಹೋದ ನರಹುಲಿ ಮರಳಿ ಬರುವುದೂ ಇದೆ, ವೈರಸ್ ಚರ್ಮದಲ್ಲಿ ಅಡಗಿ ಕೂರಬಲ್ಲದು. ಜನನಾಂಗದ ನರಹುಲಿಯ ಹೆಚ್ಚಿನ ಪಾಲು ಎಚ್‌ಪಿವಿ ಎಂಬ ಈ ವೈರಸ್ಸಿನ 6 ಮತ್ತು 11ನೇ ಬಗೆಗಳಿಂದ ಬರುವಂಥದ್ದು. ಸೀರಂ ಇನ್‌ಸ್ಟಿಟ್ಯೂಟಿನ ಸರ್ವಾವ್ಯಾಕ್ ಲಸಿಕೆಯಲ್ಲಿ ಈ ಎರಡರ ಜೊತೆಗೆ ಗರ್ಭಕಂಠದ ಕ್ಯಾನ್ಸರಿಗೆ ಕಾರಣವಾಗುವ 16 ಮತ್ತು 18 ಕೂಡ ಸೇರಿವೆ. ಲಸಿಕೆ ಇರುವುದು ಬಾರದಂತೆ ತಡೆಯಲು. ಈಗಾಗಲೇ ಎದ್ದಿರುವ ನರಹುಲಿಯನ್ನು ಅದು ವಾಸಿಮಾಡುವುದಿಲ್ಲ.

ಡಬ್ಬಿಯನ್ನು 25 ಡಿಗ್ರಿ ಒಳಗೆ ಇಡಿ. ಬಳ್ಳಾರಿ, ರಾಯಚೂರು, ಕಲಬುರಗಿಯ ಬೇಸಿಗೆಯಲ್ಲಿ ಅದಕ್ಕೆ ಫ್ರಿಜ್ಜೇ ಗತಿ, ಆದರೆ ಫ್ರೀಜರ್‌ನಲ್ಲಿ ಅಲ್ಲ, ಬಾಗಿಲಿನ ಗೂಡಿನಲ್ಲಿ. ಹೆಪ್ಪುಗಟ್ಟಿದ ಕ್ರೀಮನ್ನು ಬಳಸಬೇಡಿ. ಮಕ್ಕಳ ಕೈಗೆ ಎಟುಕದಿರಲಿ. ಹೊಟ್ಟೆಗೆ ಹೋದರೆ, ಅದರಲ್ಲೂ ಹಲವು ಸ್ಯಾಶೆಯಷ್ಟು ಹೋದರೆ, ರಕ್ತದೊತ್ತಡ ಕುಸಿಯಬಹುದು, ಕೂಡಲೇ ಆಸ್ಪತ್ರೆಗೆ ಕರೆದೊಯ್ಯಿರಿ, ಖಾಲಿ ಸ್ಯಾಶೆಗಳನ್ನೂ ಜೊತೆಗೆ ಒಯ್ಯಿರಿ. 16 ವಾರಕ್ಕೆ ವಾರಕ್ಕೆ ಮೂರರಂತೆ ಬೇಕಾಗುವುದು ಹೆಚ್ಚೆಂದರೆ 48 ಸ್ಯಾಶೆ. ಅಷ್ಟನ್ನೂ ಒಂದೇ ಸಲ ಕೊಳ್ಳುವ ಬದಲು ಮೊದಲು 12ರ ಒಂದು ಡಬ್ಬಿ ತನ್ನಿ. ನಾಲ್ಕು ವಾರಕ್ಕೆ ಅದು ಮುಗಿಯುವ ಹೊತ್ತಿಗೆ ವೈದ್ಯರನ್ನು ಮತ್ತೆ ಕಂಡು, ಚರ್ಮ ಹೇಗಿದೆ ಎಂದು ತೋರಿಸಿ, ಆಮೇಲೆ ಮುಂದಿನದನ್ನು ತನ್ನಿ.